ವಾರದ ಹೆಸರಿಲ್ಲದ ದಿನ: ಥೈನ್ ಸಾಹೇಬರಿಗೊಂದು ಬಹಿರಂಗ ಪತ್ರ

ಶ್ರೀಮಾನ್ ಎರಡನೆಯ ಐಸೆನ್‌ಗ್ರಿಮ್ ಟೂಕ್ ಅವರಿಗೆ,
ಥೈನರು ಅರ್ಥಾತ್ ಮುಖ್ಯಸ್ಥರು, ಶೈರ್ ಸೀಮೆ

ಮಾನ್ಯರೇ,

ಟೋಲ್ಕಿನ್ ಅವರ ಕಾದಂಬರಿಯಲ್ಲಿ ತಮ್ಮ ಶೈರಿನ ಪುಟ್ಟ ಜನ ಹಾಬಿಟ್ಟರ ಕ್ಯಾಲೆಂಡರಿನ ವಿವರ ಓದಿದಾಗಿನಿಂದ ನನಗೆ ಹೊಟ್ಟೆಕಿಚ್ಚು. ಹನ್ನೆರಡು ತಿಂಗಳು, ಒಂದೊಂದಕ್ಕೂ ಮೂವತ್ತೇ ದಿನ. ಮುಷ್ಟಿ ಹಿಡಿದು ಗೆಣ್ಣು ಎಣಿಸುವ ಗೋಜಿಲ್ಲ. ಮಿಕ್ಕ ಐದು ದಿನಗಳನ್ನು ಯಾವ ತಿಂಗಳಿಗೂ ಸೇರಿಸದೆ ಚಳಿಗಾಲದ ಯೂಲ್ ಹಬ್ಬಕ್ಕೆ ಎರಡು, ಬೇಸಿಗೆಯ ಲೈತ್ ಹಬ್ಬಕ್ಕೆ ಮೂರು ಎಂದು ಹಂಚಿದ್ದಾರೆ. ಅಧಿಕ ವರ್ಷದ ಹೆಚ್ಚುವರಿ ದಿನವೂ ಓವರ್‌ಲೈತ್ ಎಂಬ ಔತಣಕ್ಕೇ ಮೀಸಲು. ಪುಕ್ಕಟೆ ಒಂದು ದಿನ ಸಿಕ್ಕರೆ ಅದನ್ನು ಊಟಕ್ಕೆ ಬಿಡಬೇಕೆಂಬ ಆಡಳಿತ ಜ್ಞಾನ ನಮ್ಮ ಯಾವ ಸರ್ಕಾರಕ್ಕೂ ಹೊಳೆದಿಲ್ಲ. ನಾವು ಅದನ್ನು ಫೆಬ್ರವರಿಯ ಬಾಲಕ್ಕೆ ಕಟ್ಟಿ ಕಚೇರಿಗೆ ಹೋಗುತ್ತೇವೆ.

ತಮ್ಮ ಕಾಲದ ಅಸಲು ಸಾಹಸ ಬೇರೆಯೇ ಇದೆ. ತಾರೀಖಿಗೂ ವಾರಕ್ಕೂ ವರ್ಷದಿಂದ ವರ್ಷಕ್ಕೆ ಹೊಂದಿಕೆಯಾಗದೆಂದು ಬೇಸತ್ತು, ನಡುವರ್ಷದ ದಿನಕ್ಕೆ ವಾರದ ಹೆಸರೇ ಬೇಡವೆಂದು ಶೈರಿನವರು ಗೊತ್ತುಮಾಡಿದರು. ಅದು ಸೋಮವಾರವೂ ಅಲ್ಲ, ಮಂಗಳವಾರವೂ ಅಲ್ಲ, ಬರೀ ದಿನ. 365ರಲ್ಲಿ ಒಂದು ಕಳೆದರೆ 364, ಸರಿಯಾಗಿ 52 ವಾರ. ಓವರ್‌ಲೈತಿಗೂ ಅದೇ ಗತಿ. ಅಂದಿನಿಂದ ಎಲ್ಲ ವರ್ಷವೂ ಶನಿವಾರ ಹುಟ್ಟಿ ಶುಕ್ರವಾರ ಸಾಯುತ್ತದೆ. ಹಾಬಿಟ್ಟರ ಕಥಾನಾಯಕ ಬಿಲ್ಬೊ ಬ್ಯಾಗಿನ್ಸರ ಹುಟ್ಟುಹಬ್ಬ ಸೆಪ್ಟೆಂಬರ್ 22 ಎಂದೆಂದಿಗೂ ಗುರುವಾರ.

ಇದೇ ಉಪಾಯವನ್ನು ನಮ್ಮ ಲೋಕದಲ್ಲಿ ಅಮೆರಿಕದ ಎಲಿಜಬೆತ್ ಅಕೆಲಿಸ್ 1930ರಿಂದ ‘ವರ್ಲ್ಡ್ ಕ್ಯಾಲೆಂಡರ್’ ಹೆಸರಿನಲ್ಲಿ ದೇಶದೇಶಕ್ಕೆ ಹೇಳಿದರು. ಭಾರತ ಅದನ್ನು ವಿಶ್ವಸಂಸ್ಥೆಯ ಮುಂದಿಟ್ಟಿತು. 1954ರಲ್ಲಿ ಮೇಘನಾದ ಸಹಾ ಜಿನೀವಾದಲ್ಲಿ ಅದರ ಪರ ವಾದಿಸಿದರು. ನಕ್ಷತ್ರಗಳ ಬೆಳಕಿನಿಂದ ಅವುಗಳ ಕಾವು ಅಳೆಯುವ ಸಮೀಕರಣ ಕೊಟ್ಟ ವಿಜ್ಞಾನಿಗೂ ಒಂದು ದಿನವನ್ನು ವಾರದಿಂದ ಬಿಡಿಸಿಕೊಳ್ಳಲಾಗಲಿಲ್ಲ. ಏಳನೆಯ ದಿನವನ್ನು ದೇವರಿಗೆ ಕೊಟ್ಟವರು ಎಂಟನೆಯ ದಿನಕ್ಕೆ ಕಾಯುವುದಿಲ್ಲವೆಂದರು. 1955ರಲ್ಲಿ ಅಮೆರಿಕವೂ ಒಲ್ಲೆ ಎಂದಿತು. ತಮಾಷೆಯೆಂದರೆ, ಅದೇ ವರ್ಷದ ಅಕ್ಟೋಬರಿನಲ್ಲಿ ಟೋಲ್ಕಿನ್ ಅವರ ‘ದಿ ರಿಟರ್ನ್ ಆಫ್ ದಿ ಕಿಂಗ್’ ಹೊರಬಂತು. ಅದರ ಅನುಬಂಧದಲ್ಲಿ ತಮ್ಮ ಸುಧಾರಣೆ ಯಾರ ತಕರಾರೂ ಇಲ್ಲದೆ ಜಾರಿಯಾಗಿಬಿಟ್ಟಿತ್ತು! ಗುಡಿಯಿಲ್ಲದ, ಪುರೋಹಿತರಿಲ್ಲದ, ನ್ಯೂಸ್ ಚಾನೆಲ್ಲಿಲ್ಲದ ನಾಡಿನಲ್ಲಿ ಥೈನರಾಗಿದ್ದಿರಿ, ಪುಣ್ಯವಂತರು.

ಇತ್ತ ಸಹಾ ಅವರ ಪಂಚಾಂಗ ಸುಧಾರಣಾ ಸಮಿತಿ ದೇಶದ ಮೂವತ್ತು ಬಗೆಯ ಪಂಚಾಂಗಗಳನ್ನು ರಾಶಿ ಹಾಕಿ, ಗೊಂದಲ ನಿವಾರಣೆಗೆಂದು ಮೂವತ್ತೊಂದನೆಯದನ್ನು ಕೊಟ್ಟಿತು. 1957ರ ಮಾರ್ಚ್ 22ರಿಂದ ಅದು ನಮ್ಮ ರಾಷ್ಟ್ರೀಯ ಕ್ಯಾಲೆಂಡರ್. ರಾಜ್ಯಪತ್ರದ ತಲೆಯ ಮೇಲೆ ಕ್ಷೇಮವಾಗಿದೆ. ಆದರೆ ಉಡುಪಿಯವರು ಸೌರಮಾನದ ಕೃಷ್ಣಾಷ್ಟಮಿಯನ್ನೂ ಉಳಿದ ಹಲವರು ಚಾಂದ್ರಮಾನದ ಅಷ್ಟಮಿಯನ್ನೂ ಬಿಟ್ಟುಕೊಟ್ಟಿಲ್ಲ. ಕೃಷ್ಣ ಕೆಲವು ವರ್ಷ ಎರಡೆರಡು ಸಲ ಹುಟ್ಟುತ್ತಾನೆ; ಉಂಡೆ ಚಕ್ಕುಲಿ ತಿನ್ನುವವರಾರೂ ದೂರು ಕೊಟ್ಟಿಲ್ಲ.

ತಮ್ಮ ಪದ್ಧತಿ ನಮ್ಮಲ್ಲಿಗೆ ಬಂದರೆ ಏನಾದೀತೆಂದು ಲೆಕ್ಕ ಹಾಕಿದೆ. ರಾಜ್ಯೋತ್ಸವ ಪ್ರತಿವರ್ಷ ಸೋಮವಾರ, ನೌಕರರ ಸಂಘ ತಮಗೆ ಪ್ರತಿಮೆ ಕಟ್ಟಿಸೀತು. ಗಾಂಧಿ ಜಯಂತಿ ಮಾತ್ರ ಶಾಶ್ವತವಾಗಿ ಭಾನುವಾರ! ಆ ಪ್ರತಿಮೆಯನ್ನು ಅದೇ ಸಂಘ ಅದೇ ವಾರ ಕೆಡವೀತು. ಕ್ಯಾಲೆಂಡರ್ ಅಚ್ಚು ಹಾಕುವವರು ಒಂದೇ ಸಲ ಅಚ್ಚು ಹಾಕಿ ಅಂಗಡಿ ಮುಚ್ಚಬೇಕು.

ಇನ್ನು ರಾಹುಕಾಲ. ಅದು ನಿಂತಿರುವುದೇ ವಾರದ ಮೇಲೆ: ಸೋಮವಾರ ಬೆಳಿಗ್ಗೆ ಏಳೂವರೆಗೆ, ಶುಕ್ರವಾರ ಹತ್ತೂವರೆಗೆ. ವಾರವೇ ಇಲ್ಲದ ದಿನ ರಾಹು ಯಾವ ಹೊತ್ತಿಗೆ ಡ್ಯೂಟಿಗೆ ಬರಬೇಕು? ಅಂದು ರಾಹುಕಾಲವೇ ಇಲ್ಲವೆಂದು ಒಂದು ಚಾನೆಲ್, ದಿನವಿಡೀ ರಾಹುಕಾಲವೆಂದು ಇನ್ನೊಂದು ಚಾನೆಲ್ ಬೆಳಗಿನ ಆರರಿಂದ ಕೂತುಬಿಡುತ್ತವೆ. ಕಲ್ಯಾಣಮಂಟಪದವರು ಮೊದಲನೆಯದನ್ನು ನಂಬಿ ಬಾಡಿಗೆ ಮೂರು ಪಟ್ಟು ಏರಿಸುತ್ತಾರೆ.

ತಮ್ಮ ಲೆಕ್ಕದ ಇನ್ನೊಂದು ಫಲ ನನಗೆ ಬಹಳ ಇಷ್ಟ. ವರ್ಷದ ಮೊದಲ ಶನಿವಾರ ಯೂಲ್ ಹಬ್ಬಕ್ಕೆ ಹೋಗುವುದರಿಂದ ಭಾನು, ಮಂಗಳ, ಗುರು, ಶನಿ, ಸೋಮ, ಬುಧ ಎಂದು ತಿಂಗಳುಗಳು ಶುರುವಾಗುತ್ತವೆ, ಉಳಿದರ್ಧ ವರ್ಷವೂ ಹಾಗೆಯೇ. ಒಂದನೇ ತಾರೀಖು ಶುಕ್ರವಾರ ಬೀಳುವುದೇ ಇಲ್ಲ. ಹಾಗಾಗಿ ನಾವು ಮೊಲಕ್ಕೆ ಕೊಂಬು ಮೂಡಿದಾಗ ಅನ್ನುವಲ್ಲಿ ತಮ್ಮವರು ‘ಒಂದನೇ ತಾರೀಖು ಶುಕ್ರವಾರ’ ಎಂದು ನಗುತ್ತಾರಂತೆ. ಹಂದಿ ಹಾರುವ, ಮರ ನಡೆಯುವ ದಿನವಂತೆ ಅದು. ಆದರೆ ತಮ್ಮ ಕಾಲದ ನಂತರ, ಮರಗಳಂತೆಯೇ ಇರುವ ಎಂಟ್‌ಗಳು ಐಸೆಂಗಾರ್ಡ್ ಕೋಟೆಯ ಮೇಲೆ ನಡೆದೇ ಹೋದವು, ಮಾರ್ಚ್ 2ರಂದು. ಎಣಿಸಿ ನೋಡಿ: ಶುಕ್ರವಾರ, ಎರಡನೇ ತಾರೀಖು! ಒಂದೇ ದಿನದಲ್ಲಿ ತಪ್ಪಿಹೋಯಿತು. ನಮ್ಮ ಅತಿಥಿ ಉಪನ್ಯಾಸಕರಿಗಾದರೆ ಶುಕ್ರವಾರದ ಷರತ್ತೂ ಬೇಕಿಲ್ಲ, ಒಂದನೇ ತಾರೀಖಿಗೆ ಸಂಬಳ ಅಂದರೆ ಸಾಕು, ನಗುತ್ತಾರೆ.

ವಾರ ಖಾಯಂ ಆದ ಮೇಲೆ ಶೈರಿನವರು ಕಾಗದದಲ್ಲಿ ವಾರ ಬರೆಯುವುದನ್ನೇ ಬಿಟ್ಟರೆಂದೂ, ಬ್ರೀ ಊರು ದಾಟಿ ಹೋದವರಿಗೆ ಅದರಿಂದ ಫಜೀತಿಯಾಗುತ್ತಿತ್ತೆಂದೂ ಓದಿದ್ದೇನೆ. ನಾವು ಬ್ರೀಗಿಂತ ಬಹಳ ಆಚೆ ಇದ್ದೇವೆ. ಉತ್ತರ ಬರೆಯುವುದಾದರೆ ದಯವಿಟ್ಟು ವಾರ ನಮೂದಿಸಿ. ಇಲ್ಲವಾದರೆ ನಮ್ಮ ಟಪಾಲು ಗುಮಾಸ್ತರು ‘ವಿವರ ಅಪೂರ್ಣ’ ಎಂದು ಷರಾ ಬರೆದು ವಾಪಸು ಕಳಿಸುತ್ತಾರೆ, ಅದೂ ಮುಂದಿನ ಆರ್ಥಿಕ ವರ್ಷದಲ್ಲಿ.

ಇಂತಿ ತಮ್ಮ ವಿಧೇಯ,
ಒಬ್ಬ ಪಂಚಾಂಗಪೀಡಿತ

ಒಂದನೇ ತಾರೀಖು, ಶುಕ್ರವಾರ