ಸಕುಟುಂಬ ಸಪರಿವಾರ ಯುದ್ಧಕ್ಕೆ ಬನ್ನಿ

ನಮ್ಮ ಮನೆಯಲ್ಲಿ ಈಗ ನಡೆಯುತ್ತಿರುವ ಜಗಳ ಆಸ್ತಿಯದ್ದಲ್ಲ, ಅಡುಗೆಯದ್ದಲ್ಲ, ಡಿಸೆಂಬರಿನಲ್ಲಿ ಊರಿಗೆ ಹೋದಾಗ ಯಾರ ಮನೆಯಲ್ಲಿ ಎಷ್ಟು ದಿನ ಇರಬೇಕೆಂಬುದೂ ಅಲ್ಲ. ಪಾಸ್‌ವರ್ಡಿನದ್ದು. ಏಜ್ ಆಫ್ ಎಂಪೈರ್ಸ್ 2 ಎಂಬ ಕಂಪ್ಯೂಟರ್ ಯುದ್ಧಕ್ಕೆ ಜನ ಸೇರುವ ಕೋಣೆಗೆ, ಅಂದರೆ ಲಾಬಿಗೆ, ಪಾಸ್‌ವರ್ಡ್ ಹಾಕಬೇಕೋ ಬೇಡವೋ? ಟೆಕ್ಸಸ್ಸಿನ ಪ್ಲೇನೋದಲ್ಲಿ ಕೂತ ನನ್ನ ಗಂಡ, ಮಗ ಇಬ್ಬರೂ ಹಾಕಲೇಬೇಕು ಅನ್ನುತ್ತಾರೆ. ಶಿವಮೊಗ್ಗದಲ್ಲಿ ಕೂತ ಮಾವ, "ಬಾಗಿಲು ಹಾಕ್ಕೊಂಡು ಯಾರಾದ್ರೂ ಜನಾನ ಕರೀತಾರೇನೋ?" ಅನ್ನುತ್ತಾರೆ. ಅತ್ತೆ ಮಾವನ ಪಕ್ಷ. ಮಾವ ಹೇಳಿದ್ದಕ್ಕೆ ಅತ್ತೆ ಹೂಂ ಅಂದಿದ್ದನ್ನು ನಾನು ಮದುವೆಯಾಗಿ ಬಂದ ಮೇಲೆ ಕಂಡದ್ದು ಇದೇ ಮೊದಲು. ನನ್ನ ಮತ ಇನ್ನೂ ಬಾಕಿ ಇದೆ. ನಗು ನಿಂತರೆ ತಾನೆ ಮತ ಹಾಕುವುದು.

ಈ ಆಟ ನಮ್ಮವರ ಹಳೇ ಪ್ರೇಮ. 1999ರಲ್ಲಿ ಇದನ್ನು ಮಾಡಿದ ಎನ್ಸೆಂಬಲ್ ಸ್ಟುಡಿಯೋಸ್ ಇದ್ದದ್ದು ಇಲ್ಲೇ ಪಕ್ಕದ ಡಲ್ಲಾಸಿನಲ್ಲಿ. ಊರಿಂದ ಬಂದವರಿಗೆ ಕೆನಡಿ ಗುಂಡೇಟು ತಿಂದ ಜಾಗ ತೋರಿಸಲು ಕರೆದುಕೊಂಡು ಹೋದರೆ, ನಮ್ಮವರು ಕೆನಡಿಯನ್ನು ಎರಡು ಮಾತಿನಲ್ಲಿ ಮುಗಿಸಿ "ಆ ಗೇಮ್ ಮಾಡಿದ್ದೂ ಇದೇ ಊರಲ್ಲೇ" ಎಂದು ಅರ್ಧ ಗಂಟೆ ಶುರು ಮಾಡುತ್ತಾರೆ. ಕಂಪನಿ 2009ರಲ್ಲಿ ಮುಚ್ಚಿದ್ದನ್ನು ಹೇಳುವಾಗ ದನಿ ತಗ್ಗುತ್ತದೆ. ಕೆನಡಿಗೆ ಅದೂ ಇಲ್ಲ. ಇವರ ಇಂಜಿನಿಯರಿಂಗ್ ಹಾಸ್ಟೆಲಿನಲ್ಲಿ ಆಟಕ್ಕೆ ಕರೆಯುವುದೆಂದರೆ ಕಾರಿಡಾರಿನಲ್ಲಿ ನಿಂತು ಐಪಿ ವಿಳಾಸ ಕೂಗುವುದಂತೆ. 2019ರಲ್ಲಿ ಅದೇ ಆಟ ಹೊಸ ಬಣ್ಣ ಬಳಿದುಕೊಂಡು ಮತ್ತೆ ಬಂತು. ಮಗ ಪುಟ್ಟ ಕಲಿತ. ಹೋದ ಸಲ ಊರಿಗೆ ಹೋದಾಗ ಹಳೇ ಲ್ಯಾಪ್‌ಟಾಪನ್ನು ಮಾವನಿಗೆ ಬಿಟ್ಟು ಬಂದೆವು. ಪುಟ್ಟ ವಾಟ್ಸಾಪ್ ವಿಡಿಯೋದಲ್ಲಿ ಅಜ್ಜನಿಗೂ ಕಲಿಸಿದ.

ಅಜ್ಜ ಎಂದರೆ ನಿವೃತ್ತ ಹೆಡ್‌ಮಾಸ್ಟರು, ಗಣಿತದವರು. ಪೂರ್ಣ ಸಸ್ಯಾಹಾರಿ. ಆಟ ಶುರುವಾಗುವಾಗ ಸಾಮಾನ್ಯವಾಗಿ ಒಬ್ಬೊಬ್ಬರಿಗೆ ಒಂದು ಟೌನ್ ಸೆಂಟರ್, ಮೂವರು ಹಳ್ಳಿಗರು, ಒಬ್ಬ ಕುದುರೆ ಸವಾರ, ಸುತ್ತ ಒಂದಷ್ಟು ಕುರಿ. ಕುರಿ ಕಡಿದರೆ ಊಟ, ಊಟ ಇದ್ದರೆ ಜನ, ಜನ ಇದ್ದರೆ ರಾಜ್ಯ. ಮಾವ ಕುರಿಗಳನ್ನು ಕಡಿಯಲಿಲ್ಲ, ಸಾಕಿದರು. ಬೇಲಿಯೊಳಗೆ ಕುರಿಗಳು ಸುಖವಾಗಿದ್ದವು, ಜನ ಉಪವಾಸ ಬಿದ್ದರು. ಕೊನೆಗೆ ಇವರೇ ದಾರಿ ಹುಡುಕಿದರು. 2022ರಲ್ಲಿ ಬಂದ ಡೈನಾಸ್ಟೀಸ್ ಆಫ್ ಇಂಡಿಯಾ ಎಂಬ ಇದೇ ಆಟದ ಹೆಚ್ಚುವರಿ ಪೊಟ್ಟಣದಲ್ಲಿ ಗುರ್ಜರರೆಂಬ ಪಂಗಡವಿದೆ. ಅವರು ಕುರಿಯನ್ನು ಮಿಲ್ಲಿನೊಳಗೆ ಕಟ್ಟಿಟ್ಟರೆ ಸಾಕು, ಕಡಿಯದೆಯೇ ಊಟ ಹುಟ್ಟುತ್ತಿರುತ್ತದೆ. ಅಂದಿನಿಂದ ಶಿವಮೊಗ್ಗದ ಮಾವ ಕಾಯಂ ಗುರ್ಜರ. ಅದೇ ಪೊಟ್ಟಣದಲ್ಲಿ ದ್ರಾವಿಡರೂ ಇದ್ದಾರೆ, ರಾಜೇಂದ್ರ ಚೋಳನ ಕಥೆಯೂ ಇದೆ. ಆದರೆ ಮಾವನಿಗೆ ಕುಲಕ್ಕಿಂತ ಕುರಿ ದೊಡ್ಡದು.

ಪ್ರತಿ ಶನಿವಾರ ನಮಗೆ ಬೆಳಗ್ಗೆ ಎಂಟೂವರೆ, ಅವರಿಗೆ ಸಂಜೆ ಏಳು. ಲಾಬಿ ತೆರೆಯುವುದು ಮಾವನೇ. ಹಿರಿಯರು ಇರುವಾಗ ಇನ್ನೊಬ್ಬರು ಕರೆಯುವುದು ಹೇಗೆ? ಬೇರೆಯವರು ಲಾಬಿ ತೆರೆದು "4 ವರ್ಸಸ್ 4", "ಕಲಿಯುವವರು ಬರಬೇಡಿ" ಎಂದೆಲ್ಲ ಹೆಸರಿಡುತ್ತಾರೆ. ಮಾವ ಇಡುವ ಹೆಸರು, "ಆಲ್ ಆರ್ ವೆಲ್‌ಕಮ್ ವಿತ್ ಫ್ಯಾಮಿಲಿ". ಎಂಟು ಜನಕ್ಕೆ ಜಾಗವಿದೆಯಂತೆ, ಮತ್ತೇಕೆ ನಾಲ್ಕಕ್ಕೆ ಇಳಿಸಬೇಕೆಂದು ಎಂಟನ್ನೂ ತೆರೆದಿಡುತ್ತಾರೆ. ಪಬ್ಲಿಕ್, ಪ್ರೈವೇಟ್ ಎಂದು ಕೇಳಿದರೆ ಪಬ್ಲಿಕ್. "ನಮ್ಮಲ್ಲಿ ಮುಚ್ಚಿಡೋದು ಏನಿದೆ?" ಆಮೇಲೆ ಒಬ್ಬೊಬ್ಬರ ಅನುಕೂಲ ವಿಚಾರಿಸುತ್ತಾರೆ. ಅರೇಬಿಯಾ ಎಂಬ ನಕ್ಷೆ ಬಯಲು, "ಬಿಸಿಲು ಜಾಸ್ತಿ". ಬ್ಲ್ಯಾಕ್ ಫಾರೆಸ್ಟಿನಲ್ಲಿ ದಟ್ಟ ಕಾಡು, "ನೆರಳಿದೆ, ನಮ್ಮ ಆಗುಂಬೆ ಕಡೆ ಹೋದ ಹಾಗಿದೆ". ಅವರು ಒಂದು ಬದಲಿಸಿದಾಗಲೆಲ್ಲ ನಾವು ಮತ್ತೆ 'ರೆಡಿ' ಒತ್ತಬೇಕು. ರೆಡಿ ಒತ್ತಿ ಒತ್ತಿ ಪುಟ್ಟನ ಸೀರಿಯಲ್ ಬಟ್ಟಲು ಮೆತ್ತಗಾಗಿರುತ್ತದೆ. ಅಷ್ಟರಲ್ಲಿ ಮಾವನಿಗೆ ಬಿಪಿ ಮಾತ್ರೆ ನೆನಪಾಗುತ್ತದೆ.

ಇನ್ನು ಅಂಕಿಗಳ ವಿಷಯ. ಈ ಆಟದ ಚಾಟಿನಲ್ಲಿ ಬರೀ ಅಂಕಿ ಒತ್ತಿದರೆ ಆಟವೇ ಒಂದು ಡೈಲಾಗ್ ಕೂಗುತ್ತದೆ. 1 ಅಂದರೆ ಹೌದು, 2 ಅಂದರೆ ಇಲ್ಲ, 3 ಅಂದರೆ ಊಟ ಕೊಡಿ. 11 ಅಂದರೆ ಗಹಗಹಿಸಿ ನಗು. 14 ಅಂದರೆ "ಶುರು ಮಾಡ್ರಪ್ಪಾ ಇನ್ನಾದ್ರೂ". 30 ಅಂದರೆ ಶತ್ರುವನ್ನು ಮಂತ್ರ ಹಾಕಿ ತನ್ನ ಕಡೆ ಎಳೆದುಕೊಳ್ಳುವ ಪಾದ್ರಿಯ "ವೊಲೊಲೋ". ಜಗತ್ತಿನಲ್ಲಿ ಈ ಆಟ ಆಡುವವರಿಗೆಲ್ಲ ಇದು ಬಾಯಿಪಾಠ. ಮಾವನಿಗೆ ಮಾತ್ರ ಗೊತ್ತಿಲ್ಲ, ಏಕೆಂದರೆ ಏಳು ಗಂಟೆಗೆ ಅತ್ತೆಯ ಸೀರಿಯಲ್ ಶುರು. ಲ್ಯಾಪ್‌ಟಾಪಿನ ಸದ್ದು ಪೂರ್ತಿ ಬಂದ್. ಶಿವಮೊಗ್ಗದಲ್ಲಿ ಸಾಮ್ರಾಜ್ಯಗಳು ಸದ್ದಿಲ್ಲದೆ ಉರುಳುತ್ತವೆ.

ಹೋದ ವಾರದ ಶನಿವಾರ ಹೀಗೆ ಬಾಗಿಲು ತೆರೆದಿಟ್ಟ ಲಾಬಿಗೆ ಯಾರೋ ಅಪರಿಚಿತ ಬಂದು ಕೂತ. ಹೆಸರಿಗೆ ಹಿಂದೊಂದು ಮುಂದೊಂದು ಗೀಟು, ನಡುವೆ ಒಂದು ರಾಕ್ಷಸನ ಹೆಸರು. ವಾಟ್ಸಾಪ್ ಕರೆಯಲ್ಲಿ ನಮ್ಮವರು, "ಅಪ್ಪ, ಯಾರೋ ಬಂದಿದಾನೆ, ಹೊರಗೆ ಹಾಕಿ. ಹೆಸರಿನ ಪಕ್ಕ ಬಟನ್ ಇದೆ ನೋಡಿ" ಎಂದರು.

"ಈಗಿನ್ನೂ ಬಂದು ಕೂತಿದಾನೆ. ಎದ್ದು ಹೋಗು ಅನ್ನೋದಾ? ನಿಮ್ಮ ಅಮೆರಿಕಾದಲ್ಲಿ ಇರಬಹುದಪ್ಪ ಆ ಪದ್ಧತಿ" ಎಂದವರೇ ಮಾವ ಚಾಟಿನಲ್ಲಿ ದಪ್ಪಕ್ಷರದಲ್ಲಿ ಹೊಡೆದರು: "ವೆಲ್‌ಕಮ್. ಹ್ಯಾಡ್ ಯುವರ್ ಮೀಲ್ಸ್?"

ಉತ್ತರವಿಲ್ಲ. "ವಾಟ್ ಈಸ್ ಯುವರ್ ಗುಡ್ ನೇಮ್?"

ಆ ಕಡೆಯಿಂದ ಬಂತು: 14.

ನಮ್ಮ ಮನೆಯ ಸ್ಪೀಕರಿನಲ್ಲಿ "ಶುರು ಮಾಡ್ರಪ್ಪಾ" ಮೊಳಗಿತು. ಶಿವಮೊಗ್ಗದಲ್ಲಿ ಅಂಕಿಯಷ್ಟೇ ಕಂಡಿತು. "ಪಾಪ, ಹೆಸರು ಹೇಳೋಕೆ ಸಂಕೋಚ, ವಯಸ್ಸು ಹೇಳಿದಾನೆ. ಹದಿನಾಲ್ಕು. ನಮ್ಮ ಪುಟ್ಟನ ವಾರಿಗೆಯವನೇ" ಎಂದು ಮಾವ ಕರಗಿದರು. ಪುಟ್ಟ ಕುರ್ಚಿಯಿಂದ ಜಾರಿ ಕೆಳಗೆ ಬಿದ್ದ. ನಾನು ಅವನ ಬಾಯಿ ಮುಚ್ಚಿದೆ, ನನ್ನ ಬಾಯಿ ಮುಚ್ಚಲು ಯಾರೂ ಇರಲಿಲ್ಲ.

"ಎನಿ ಬ್ರದರ್ಸ್ ಅಂಡ್ ಸಿಸ್ಟರ್ಸ್?"

11.

"ಹನ್ನೊಂದು ವರ್ಷದ್ದು ಇನ್ನೊಂದಿದೆಯಂತೆ ಕಣೇ" ಎಂದು ಮಾವ ಅತ್ತೆಗೆ ವರದಿ ಒಪ್ಪಿಸಿದರು. ಅತ್ತೆ ಸೀರಿಯಲಿನಿಂದ ಕಣ್ಣು ತೆಗೆಯದೆ, "ಊಟ ಮಾಡಿದ್ವಂತಾ ಎರಡೂ?" ಎಂದರು.

ಇಲ್ಲಿಗೆ ನಿಲ್ಲಿಸಬಹುದಿತ್ತು. ಆದರೆ ಜೀವಮಾನವಿಡೀ ಮಕ್ಕಳಿಗೆ ಗಣಿತ ಕಲಿಸಿದವರು ಹದಿನಾಲ್ಕು ವರ್ಷದ ಹುಡುಗ ಎದುರಿಗೆ ಸಿಕ್ಕರೆ ಏನು ಕೇಳುತ್ತಾರೆ? "ಹೌ ಮಚ್ ಮಾರ್ಕ್ಸ್ ಇನ್ ಮ್ಯಾಥ್ಸ್?"

ಕಾದು ಕಾದು ಬೇಸತ್ತ ಆ ಪುಣ್ಯಾತ್ಮ ಒತ್ತಿದ: 30.

ಕರೆಯಲ್ಲಿ ಸ್ವಲ್ಪ ಹೊತ್ತು ಮಾವನ ದನಿಯೇ ಇಲ್ಲ. ಅವರ ಸರ್ವೀಸಿನುದ್ದಕ್ಕೂ ಎಸ್ಸೆಸ್ಸೆಲ್ಸಿಯಲ್ಲಿ ಪಾಸಿಗೆ 35. ಮೂವತ್ತು ಎಂದರೆ ಅವರು ಕಂಡ ಅತಿ ದುಃಖದ ಅಂಕಿ. ಇಪ್ಪತ್ತು ತೆಗೆದವನು ಓದಿಲ್ಲ, ಬಿಡಿ. ಮೂವತ್ತು ತೆಗೆದವನು ಓದಿದ್ದಾನೆ, ಐದೇ ಮಾರ್ಕ್ಸಿಗೆ ಬಿದ್ದಿದ್ದಾನೆ. "ಐದು ಮಾರ್ಕ್ಸು ಕಣೋ" ಎಂದರು ನಮ್ಮವರಿಗೆ, ತಪ್ಪು ನಮ್ಮವರದೇ ಎಂಬಂತೆ. ಹಿಂದಿನಿಂದ ಅತ್ತೆಯ ತೀರ್ಪು ಬಂತು. "ತಾಯಿ ಕೆಲಸಕ್ಕೆ ಹೋಗ್ತಾಳೇನೋ, ನೋಡ್ಕೊಳ್ಳೋರು ಯಾರು." ಕೆಲಸಕ್ಕೆ ಹೋಗುವ ತಾಯಿಯೊಬ್ಬಳು ಇತ್ತ ಫೋನಿನ ಪಕ್ಕದಲ್ಲೇ ನಿಂತಿದ್ದಳು. ನಗು ಒಂದು ಕ್ಷಣ ಗಂಟಲಲ್ಲಿ ಸಿಕ್ಕಿಕೊಂಡಿತು.

ಮಾವ ಲಾಬಿಯನ್ನು ಮರುವಿಂಗಡಣೆ ಮಾಡಿದರು. ಎಂದಿನಂತೆ ನಾಲ್ಕನೆಯವಳಾಗಿ ಕೂತಿದ್ದ ನನಗೆ "ನೀನು ಏಳಮ್ಮ, ನಿನಗೆ ಕೆಲಸ ಇರುತ್ತೆ" ಎಂದು ಬಿಡುಗಡೆ ಸಿಕ್ಕಿತು. ನನ್ನ ಜಾಗಕ್ಕೆ ಮೂವತ್ತು ಮಾರ್ಕ್ಸಿನ ಹುಡುಗ. ಅಷ್ಟೇ ಅಲ್ಲ, ಯಾವತ್ತೂ ಅಜ್ಜನ ಪಕ್ಷದಲ್ಲೇ ಆಡುವ ಪುಟ್ಟನನ್ನು ಅವನ ಅಪ್ಪನ ಕಡೆಗೆ ದಾಟಿಸಿ, ಆ ಹುಡುಗನನ್ನು ತಮ್ಮ ಕಡೆ ಹಾಕಿಕೊಂಡರು. "ನಿನಗೆ ನಿಮ್ಮಪ್ಪ ಇದಾನೆ ಪುಟ್ಟಾ, ಇವನಿಗೆ ಯಾರಿದಾರೆ?" ಸಮಾಧಾನಕ್ಕೆಂದು ಪುಟ್ಟ ಕೇಳಿದ ಅರೇಬಿಯಾ ನಕ್ಷೆ ಕೊಟ್ಟರು. ಮತ್ತೆ ಎಲ್ಲರೂ ರೆಡಿ ಒತ್ತಿದರು. ಆ ಹುಡುಗ 14 ಒತ್ತಿದ. "ಗೊತ್ತಾಯ್ತು ಮರಿ, ಹದಿನಾಲ್ಕು" ಎಂದು ಮಾವ ಕೊನೆಗೂ ಸ್ಟಾರ್ಟ್ ಒತ್ತಿದರು.

ಯುದ್ಧದ ವರ್ಣನೆ ಹೆಚ್ಚಿಲ್ಲ, ಏಕೆಂದರೆ ಯುದ್ಧವೇ ಹೆಚ್ಚು ಹೊತ್ತು ನಡೆಯಲಿಲ್ಲ. ಹಾಸ್ಟೆಲಿನ ಚಾಂಪಿಯನ್ ನಮ್ಮವರು ಇನ್ನೂ ಕಾಡುಹಂದಿ ಹೊಡೆದು ತರುವುದರಲ್ಲಿದ್ದಾಗ, ಗಣಿತದಲ್ಲಿ ಫೇಲಾದ ಹುಡುಗ 500 ಊಟ ಕೂಡಿಸಿ ಫ್ಯೂಡಲ್ ಎಂಬ ಮುಂದಿನ ಯುಗಕ್ಕೆ ದಾಟಿ, ಕುದುರೆಗಳನ್ನು ತಂದು ಇವರ ಸೌದೆ ಕಡಿಯುವವರ ಮೇಲೆ ನುಗ್ಗಿಸಿದ. ಮಾವ ಅತ್ತ ಮಾರ್ಕೆಟ್ ಕಟ್ಟಿ ಆ ಹುಡುಗನಿಗೆ ಊಟ ಕಳಿಸುತ್ತಿದ್ದರು. ಈ ಆಟದಲ್ಲಿ ನೂರು ಕಳಿಸಿದರೆ ಮೇಲೆ ಮೂವತ್ತು ತೆರಿಗೆ. ನಾವು ಊರಿಗೆ ಹಣ ಕಳಿಸಿದಾಗಲೆಲ್ಲ "ಬ್ಯಾಂಕಿನವರಿಗೆ ಯಾಕೆ ಸುರೀತೀರಿ" ಎಂದು ಗದರುವ ಮಾವ ಇಲ್ಲಿ ತೆರಿಗೆಯ ಮುಖ ನೋಡಲಿಲ್ಲ. ಕುರಿ ಕಡಿಯದೆ ಕೂಡಿಸಿದ ಊಟ ತಿಂದು ಬೆಳೆದ ಸೈನ್ಯ ಅವರ ಸ್ವಂತ ಮಗನ ಟೌನ್ ಸೆಂಟರಿಗೆ ಬೆಂಕಿ ಹಚ್ಚಿತು. ನಮ್ಮವರು ಸೋಲೊಪ್ಪಿಕೊಂಡು ರಿಸೈನ್ ಒತ್ತಿದಾಗ ಆ ಹುಡುಗ 11 ಒತ್ತಿದ. ಮಾವನ ಗಂಟಲು ಕಟ್ಟಿತು. "ನೋಡ್ರೋ, ಗೆದ್ದಾಗಲೂ ತಮ್ಮನ್ನ ನೆನೆಸ್ಕೋತಾನೆ."

ನಮ್ಮವರು ಅಂದಿನಿಂದ ಉರಿಯುತ್ತಿದ್ದಾರೆ. ಪುಟ್ಟನ ಸಂಕಟ ಬೇರೆ. ಮೊದಲ ದಿನ ಬಿದ್ದು ಬಿದ್ದು ನಕ್ಕವನು ಮರುದಿನ ದೋಸೆ ತಿನ್ನುತ್ತಾ, "ಅಜ್ಜ ನನ್ನ ಮಾರ್ಕ್ಸ್ ಯಾವತ್ತೂ ಕೇಳಿಲ್ಲ" ಎಂದ. ಕೇಳುತ್ತಿದ್ದರಪ್ಪ, ನಿನ್ನ ಶಾಲೆಯವರು ಎ ಬಿ ಸಿ ಎಂದು ಕೊಡುವುದು ಅವರಿಗೆ ಮಾರ್ಕ್ಸಿನ ಹಾಗೆ ಕಾಣುವುದಿಲ್ಲ ಎಂದೆ. ಅವನಿಗೆ ಸಮಾಧಾನವಾಗಲಿಲ್ಲ. ಭಾನುವಾರದ ಕನ್ನಡ ಶಾಲೆಗೆ ಹೊಟ್ಟೆನೋವಿನ ನೆವ ಹುಡುಕುವ ಈ ಹುಡುಗ ಹೊಲ, ಗೋಡೆ, ಮರ ಕಡಿ, ಕುರಿ ಹೊಡ್ಕೊಂಡ್ ಬಾ ಎಂಬ ಮಾತನ್ನೆಲ್ಲ ಕಲಿತದ್ದು ಅಜ್ಜನ ಪಕ್ಷದಲ್ಲಿ ಆಡುತ್ತಲೇ. "ದಾಳಿ ಬಂತು ಅಜ್ಜಾ, ಬಾಗಿಲು ಹಾಕಿ!" ಎಂದು ಅವನು ಕೂಗುವ ಕನ್ನಡದಲ್ಲಿ ಒಂದು ತಪ್ಪಿರುವುದಿಲ್ಲ.

ಅಂಕಿಗಳ ಅರ್ಥವನ್ನು ಅಜ್ಜನಿಗೆ ಹೇಳಿಬಿಟ್ಟರೆ ಪಾಸ್‌ವರ್ಡಿನ ಜಗಳ ಅವತ್ತೇ ಮುಗಿಯುತ್ತಿತ್ತು. ನಮ್ಮವರು ಎರಡು ಸಲ ಬಾಯಿ ತೆರೆದರು, ಮುಚ್ಚಿದರು. ಪುಟ್ಟ ಒಂದು ಸಲವೂ ತೆರೆಯಲಿಲ್ಲ. ಬದಲಿಗೆ ಇಬ್ಬರೂ ಸೇರಿ ಹೊಸ ಪ್ರಸ್ತಾಪ ತಂದರು: ಲ್ಯಾಪ್‌ಟಾಪ್ ಹಳೇದು, ಅಜ್ಜ ಲಾಬಿ ತೆರೆಯುವುದು ಬೇಡ, ಇಲ್ಲಿಂದಲೇ ತೆರೆದರೆ ಆಟ ಚುರುಕಾಗುತ್ತದೆ.

ಇದು ಸುಳ್ಳೆಂದು ನಮ್ಮವರಿಗೇ ಚೆನ್ನಾಗಿ ಗೊತ್ತು. ಆಟದ ಒಳಗುಟ್ಟಿನ ಬಗ್ಗೆ ಅದನ್ನು ಕಟ್ಟಿದವರೇ ಆದ ಪಾಲ್ ಬೆಟ್ನರ್ ಮತ್ತು ಮಾರ್ಕ್ ಟೆರ್ರಾನೊ 2001ರಲ್ಲಿ ಬರೆದ ಪ್ರಬಂಧ ನಮ್ಮ ಮನೆಯಲ್ಲಿ ಊಟದ ಜೊತೆ ಎಷ್ಟು ಸಲ ಬಡಿಸಲ್ಪಟ್ಟಿದೆಯೋ ಲೆಕ್ಕವಿಲ್ಲ. 28.8ರ ಮೋಡೆಮಿನಲ್ಲಿ 1500 ಬಿಲ್ಲುಗಾರರನ್ನು ಸಾಗಿಸುವುದು ಹೇಗೆ? ಸಾಗಿಸುವುದೇ ಇಲ್ಲ. ಪ್ರತಿಯೊಬ್ಬರ ಕಂಪ್ಯೂಟರೂ ಇಡೀ ಯುದ್ಧವನ್ನು ತಾನೇ ನಡೆಸುತ್ತದೆ. ತಂತಿಯಲ್ಲಿ ಹೋಗುವುದು ಅಪ್ಪಣೆ ಮಾತ್ರ. ಈಗ ಕೊಟ್ಟ ಅಪ್ಪಣೆ ಎರಡು ಸುತ್ತು ಬಿಟ್ಟು ಎಲ್ಲ ಕಡೆ ಒಟ್ಟಿಗೆ ಜಾರಿಯಾಗುತ್ತದೆ, ಎಲ್ಲರಿಗಿಂತ ನಿಧಾನದ ಯಂತ್ರ ಎಷ್ಟು ವೇಗದಲ್ಲಿ ನಡೆಯಬಲ್ಲದೋ ಅಷ್ಟೇ ವೇಗದಲ್ಲಿ ಉಳಿದವರೂ ನಡೆಯಬೇಕು. ಲಾಬಿ ಯಾರದ್ದಾದರೂ ಸರಿ, ಶಿವಮೊಗ್ಗದ ಲ್ಯಾಪ್‌ಟಾಪು ಏದುಸಿರು ಬಿಟ್ಟರೆ ಪ್ಲೇನೋದ ಕುದುರೆ ನಿಲ್ಲಲೇಬೇಕು. ಹಿರಿಯರನ್ನು ಬಿಟ್ಟು ಮುಂದೆ ಹೋಗುವುದನ್ನು ನಾವೆಲ್ಲ ವೀಸಾ ಸಿಕ್ಕ ದಿನವೇ ಕಲಿತವರು. ಈ ಆಟದಲ್ಲಿ ಆ ಸೌಕರ್ಯ ಇಲ್ಲ. ನಾನು ಇದನ್ನೇ ಗಟ್ಟಿಯಾಗಿ ಹೇಳಿದೆ. ನಮ್ಮವರು ತಮ್ಮದೇ ಪ್ರಬಂಧ ತಮಗೇ ತಿರುಗಿ ಬಿದ್ದಿತೆಂದು ಮುಖ ಊದಿಸಿಕೊಂಡು ಲಾನ್ ಕತ್ತರಿಸಲು ಹೋದರು.

ಕೊನೆಗೆ ಮಾವನೇ ಸದ್ಯಕ್ಕೊಂದು ರಾಜಿಗೆ ಬಂದರು. ಪಾಸ್‌ವರ್ಡ್ ಇರಲಿ, ಆದರೆ ಆ ಹುಡುಗನಿಗೂ ಕೊಡಬೇಕು. ಕೊಡುವುದು ಹೇಗೆಂದರೆ, ಅವರು ಆಗಲೇ ಅವನಿಗೆ ಫ್ರೆಂಡ್ ರಿಕ್ವೆಸ್ಟ್ ಕಳಿಸಿ ಅವನು ಒಪ್ಪಿಯೂ ಆಗಿತ್ತು.

ಈ ಶನಿವಾರ ಅವನು ಬಂದ. ಮಾವ ಸ್ಟಾರ್ಟ್ ಒತ್ತುವ ಸೂಚನೆಯೇ ಇಲ್ಲ. ವಾರವಿಡೀ ಯೋಚಿಸಿ, ಹುಡುಗನಿಗೆ ಅವಮಾನವಾಗದಂತೆ ಅತಿ ಸುಲಭದಿಂದ ಶುರು ಮಾಡಬೇಕೆಂದು ಒಂದು ಲೆಕ್ಕ ಸಿದ್ಧ ಮಾಡಿಟ್ಟಿದ್ದರು. ಚಾಟಿನಲ್ಲಿ ದಪ್ಪಕ್ಷರದಲ್ಲಿ ಬಂತು: "ಡೋಂಟ್ ವರಿ. ಎಕ್ಸ್ ಪ್ಲಸ್ 3 ಈಕ್ವಲ್ ಟು 14. ಫೈಂಡ್ ಎಕ್ಸ್."

ಆ ಪುಣ್ಯಾತ್ಮ ನಕ್ಕುಬಿಟ್ಟ. ಅಂದರೆ, 11 ಒತ್ತಿದ.

"ನೋಡಿದ್ರಾ!" ಶಿವಮೊಗ್ಗದಿಂದ ಮಾವ ಕೂಗಿದ್ದಕ್ಕೆ ಅತ್ತೆಯ ಸೀರಿಯಲ್ ಕೂಡ ಕೇಳದಂತಾಯಿತು. "ಹುಡುಗ ದಡ್ಡ ಅಲ್ಲ ಕಣ್ರೋ! ಹೇಳಿಕೊಡೋರಿರ್ಲಿಲ್ಲ ಅಷ್ಟೆ!"