ಲಾಟರಿ ಮಿತಾಕ್ಷರಾ: ಬಹುಮಾನ ವಿಭಾಗ ಪ್ರಕರಣ

ಪೀಠಿಕೆ

ಆರನೆಯ ವಿಕ್ರಮಾದಿತ್ಯನ ಕಾಲಕ್ಕೆ ಕಲ್ಯಾಣದಲ್ಲಿದ್ದ ವಿಜ್ಞಾನೇಶ್ವರ ಯಾಜ್ಞವಲ್ಕ್ಯ ಸ್ಮೃತಿಗೆ ‘ಮಿತಾಕ್ಷರಾ’ ವ್ಯಾಖ್ಯಾನ ಬರೆದ. ಹೊಲ-ಮನೆಗಳ ಪಾಲು ಹೇಗೆಂದು ಹೇಳಿದ, ಸಾಲ ಯಾರ ತಲೆಗೆಂದು ಹೇಳಿದ. ಲಾಟರಿ ತಿಕೀಟಿನ ಪಾಲು ಮಾತ್ರ ಹೇಳದೆ ಹೋದ. ಒಂಬೈನೂರು ವರ್ಷದ ಈ ಕೊರತೆ ನೀಗಿಸಲು ಪ್ರಸ್ತುತ ಗ್ರಂಥಕರ್ತ ಶೇಡಬಾಳ ಸ್ಟೇಷನ್ನಿನ ಕಲ್ಲುಬೆಂಚಿನ ಮೇಲೆ ಪದ್ಮಾಸನ ಹಾಕಿದ್ದಾನೆ.

ದೇಶನಿರ್ಣಯ

ಶೇಡಬಾಳವೇ ಏಕೆ? ಕರ್ನಾಟಕದಲ್ಲಿ 2007ರಿಂದ ಲಾಟರಿ ನಿಷಿದ್ಧ. ಮಹಾರಾಷ್ಟ್ರ ಸರ್ಕಾರವೋ 1969ರಿಂದ ತಾನೇ ಲಾಟರಿ ನಡೆಸುತ್ತ ಬಂದಿದೆ. ಇಲ್ಲಿ ರೈಲು ಹತ್ತಿದರೆ ವಿಜಯನಗರ ಸ್ಟೇಷನ್, ಅದು ದಾಟಿದರೆ ಗಡಿಯಾಚೆಯ ಮಿರಜ. ಎಲೆ-ಅಡಿಕೆ ಎರಡು ಸಲ ಮೆಲ್ಲುವುದರೊಳಗೆ ಪಾಪವು ವ್ಯಾಪಾರವಾಗಿಬಿಡುತ್ತದೆ. ಧರ್ಮಸೂಕ್ಷ್ಮವನ್ನು ಹಳಿಯ ಮೇಲೆ ಅಳೆಯಬಹುದಾದ ಕ್ಷೇತ್ರ ಇನ್ನೆಲ್ಲಿ ಸಿಕ್ಕೀತು?

ವಸ್ತುನಿರ್ಣಯ

ತಿಕೀಟು ಎಂದರೇನು? ಬಣ್ಣದ ಕಾಗದ ಎಂಬುದು ಪಾಮರರ ಮತ. ಸರ್ಕಾರವೇ ನಡೆಸಿದರೂ ಲಾಟರಿ ಜೂಜೇ ಎಂದು ಸುಪ್ರೀಂ ಕೋರ್ಟು 1999ರ ಬಿ.ಆರ್. ಎಂಟರ್‌ಪ್ರೈಸಸ್ ಪ್ರಕರಣದಲ್ಲಿ ಹೇಳಿತು. 2006ರ ಸನ್‌ರೈಸ್ ಅಸೋಸಿಯೇಟ್ಸ್ ತೀರ್ಪಿನಲ್ಲಿ ತಿಕೀಟು ಸರಕಲ್ಲ, ದಾವೆ ಹೂಡಬಲ್ಲ ಹಕ್ಕು ಎಂದಿತು. ಎರಡನ್ನೂ ಕೂಡಿಸಿ ಓದಿದರೆ, ತಿಕೀಟು ಕೊಂಡ ನಮ್ಮ ಕಾಕಾನ ಅಂಗಿಯ ಕಿಸೆಯಲ್ಲಿ ಬೆವರಿಗೆ ಒದ್ದೆಯಾಗಿರುವುದು ಹಕ್ಕುಳ್ಳ ಜೂಜು. ಜಗಳಕ್ಕೆ ಇಷ್ಟು ಸಾಕು.

ಪೂರ್ವಪಕ್ಷ

ತಿಕೀಟು ಮಿರಜದ್ದು. ಡ್ರಾ ನಾಳೆ. ವಾದಿಗಳು ಈಗಾಗಲೇ ನಾಲ್ವರು.

ಮೊದಲನೆಯವ ಗೆಳೆಯ: “ಹತ್ತ ರೂಪಾಯಿ ಚಿಲ್ಲರ ಕೊಟ್ಟಾಂವ ನಾ. ಅರ್ಧಾ ನಂದು.”

ಎರಡನೆಯವ ಅಳಿಯ: “ಮಾಮಾ, ಕಡೀಗೆ ಏಳು ಇರೂ ತಿಕೀಟ ತಗೋರಿ ಅಂದಾಂವ ಯಾರು?”

ಮೂರನೆಯವಳು ಕಾಕಿ: “ಕನಸಿನ್ಯಾಗ ಲಕ್ಷ್ಮಿ ಬಂದಿದ್ದು ನನಗ. ಇವರು ಗೊರಕಿ ಹೊಡ್ಯಾಕತ್ತಿದ್ರು.”

ನಾಲ್ಕನೆಯವ ಮಗ. ಮಾತಿಲ್ಲ, ಶಾಸ್ತ್ರವಿದೆ. ಮಿತಾಕ್ಷರದ ಪ್ರಕಾರ ಪಿತ್ರಾರ್ಜಿತದಲ್ಲಿ ಮಗನಿಗೆ ಹುಟ್ಟಿನಿಂದಲೇ ಹಕ್ಕು. ಹಿರಿಯರ ಆಸ್ತಿಗೆ ಕೈಹಚ್ಚದೆ ಗಳಿಸಿದ್ದಷ್ಟೇ ಸ್ವಯಾರ್ಜಿತ. ತಿಕೀಟಿಗೆ ಕೊಟ್ಟ ನೋಟು ಅಜ್ಜನ ಹೊಲದ ಕಬ್ಬಿನ ಬಿಲ್ಲಿನದು. ಆದ್ದರಿಂದ ಕೋಟಿಯೂ ಕಬ್ಬಿನ ಬೆಳೆಯೇ.

ಐದನೆಯ ಹಕ್ಕುದಾರ

ಇವನು ಗದ್ದಲ ಮಾಡುವುದಿಲ್ಲ. ಕೌಟಿಲ್ಯನ ದ್ಯೂತಾಧ್ಯಕ್ಷ ಗೆದ್ದವನಿಂದ ನೂರಕ್ಕೆ ಐದು ಕೀಳುತ್ತಿದ್ದ. 1961ರ ಆದಾಯ ತೆರಿಗೆ ಕಾಯ್ದೆಯ 115 ಬಿಬಿ ಕಲಂ ಅದನ್ನು ಮೂವತ್ತಕ್ಕೆ ಏರಿಸಿತು. ಎರಡು ಸಾವಿರ ವರ್ಷದ ಪ್ರಗತಿಯ ದರ ಇದೇ. ಇನ್ನು 1998ರ ಲಾಟರಿ ನಿಯಂತ್ರಣ ಕಾಯ್ದೆಯ 4ನೆಯ ಕಲಮಿನಂತೆ, ಗೊತ್ತುಪಡಿಸಿದ ಅವಧಿಯಲ್ಲಿ ಯಾರೂ ಕೇಳದ ಬಹುಮಾನ ಸರ್ಕಾರದ ಸ್ವತ್ತು. ವಕೀಲರ ಮನೆಗೆ ಅಲೆಯುವವರೇ, ಕ್ಯಾಲೆಂಡರ್ ನೋಡಿಕೊಂಡು ಅಲೆಯಿರಿ. ನೀವು ತಾರೀಖು ಪಡೆಯುವಾಗ ಅವನು ತಾರೀಖು ಎಣಿಸುತ್ತಿರುತ್ತಾನೆ.

ಸಿದ್ಧಾಂತ

ಡ್ರಾ ಆಯಿತು. ಕಡೆಯ ಅಂಕಿ ಏಳೇ ಬಂತು. ಉಳಿದ ಒಂದೂ ಹೊಂದಲಿಲ್ಲ. ಗ್ರಂಥಕರ್ತನು ಕೂಡಲೇ ಪಾಲಿಗೆ ಕೂತನು. ಗೆಳೆಯನಿಗೆ ಅರ್ಧ ನಷ್ಟ ಎಂದರೆ, ಅದು ಕೈಗಡ ಎಂದ. ಹತ್ತು ರೂಪಾಯಿ ವಾಪಸು ಕೇಳಿದ. ತಾನು ಹೇಳಿದ್ದು ಏಳಲ್ಲ, ಎಂಟು ಎಂದ ಅಳಿಯ. ಕಾಕಿಯ ಕನಸಿನಲ್ಲಿ ಬಂದವಳು ಲಕ್ಷ್ಮಿಯೋ ಅವಳಕ್ಕನೋ, ಕತ್ತಲಲ್ಲಿ ತಿಳಿಯಲಿಲ್ಲವಂತೆ.

ಉಳಿದವನು ಮಗ. ಅವನು ಮತ್ತೆ ಮಿತಾಕ್ಷರವನ್ನೇ ಮುಂದಿಟ್ಟ. ಅಪ್ಪನ ಸಾಲ ಮಗ ತೀರಿಸಬೇಕು, ದಿಟ. ಆದರೆ ಕುಡಿತದ್ದು, ಜೂಜಿನದು ತೀರಿಸಬೇಕಿಲ್ಲ. ಗ್ರಂಥಕರ್ತ ದಂಗಾದ. ವಿಜ್ಞಾನೇಶ್ವರ ಮರೆತಿರಲಿಲ್ಲ, ತಿಕೀಟಿನ ಹೆಸರು ಹೇಳದೆ ಎಲ್ಲವನ್ನೂ ಹೇಳಿಯೇ ಹೋಗಿದ್ದ. ಬಂದರೆ ಮನೆತನದ್ದು, ಹೋದರೆ ಅಪ್ಪನದು.

ಕಾಕಾ ಆ ಹಕ್ಕುಳ್ಳ ಜೂಜನ್ನು ನಾಲ್ಕು ಮಡಿಕೆ ಮಾಡಿ ಅದರಲ್ಲಿ ತಂಬಾಕು ಕಟ್ಟಿಕೊಂಡ. ಅದರಲ್ಲಿ ಮಾತ್ರ ನಾಲ್ವರೂ ಒಂದೊಂದು ಚಿಟಿಕೆ ಕೇಳಿದರು.