ಬಂಗಾರದ ಸಲಿಕೆ, ಬಿ-ಖಾತೆ ಮತ್ತು ಘಟಪ್ರಭೆ

ಗೋಕಾಕ, ಮೂಡಲಗಿ, ಹುಕ್ಕೇರಿ ಊರುಗಳ ಕಟ್ಟಡ ಪರವಾನಗಿಯ ಕೆಲಸವನ್ನು ನಾಳೆಯಿಂದಲೇ ಹತ್ತನೇ ಇಯತ್ತೆಯ ಹುಡುಗರಿಗೆ ವಹಿಸಿಕೊಡಬೇಕೆಂದು ಸರ್ಕಾರವನ್ನು ಒತ್ತಾಯಿಸುತ್ತೇನೆ. ಅವರಿಗೆ ಸಂಬಳ ಬೇಡ, ಜೀಪು ಬೇಡ, ಒಂದು ವೈಫೈ ಇದ್ದರೆ ಸಾಕು. ಅನುಭವ ಎಷ್ಟಿದೆ ಎಂದು ಕೇಳುವವರಿಗೆ ಉತ್ತರ ಸಿದ್ಧವಿದೆ. ಈ ಹುಡುಗರು ಮೈನ್‌ಕ್ರಾಫ್ಟ್ ಆಡುತ್ತಾರೆ. ಅಲ್ಲಿ ಅವರು ಕಟ್ಟಿಕೊಂಡ ಊರಿನಲ್ಲಿ ಇವತ್ತಿನವರೆಗೆ ಒಂದೇ ಒಂದು ಅಕ್ರಮ ಕಟ್ಟಡ ಎದ್ದಿಲ್ಲ.

ಆಟ ಗೊತ್ತಿಲ್ಲದ ಹಿರಿಯರಿಗೆ ಎರಡು ಮಾತು. ಸ್ವೀಡನ್ನಿನ ಮೊಜಾಂಗ್ ಎಂಬ ಕಂಪನಿ 2011ರಲ್ಲಿ ಪೂರ್ಣ ರೂಪದಲ್ಲಿ ಬಿಡುಗಡೆ ಮಾಡಿದ ಆಟ ಇದು. 2014ರಲ್ಲಿ ಮೈಕ್ರೋಸಾಫ್ಟ್ 250 ಕೋಟಿ ಡಾಲರ್ ಸುರಿದು ಕಂಪನಿಯನ್ನೇ ಕೊಂಡಿತು. ಆಟದೊಳಗಿನ ಜಗತ್ತೆಲ್ಲ ಚೌಕಚೌಕ ಬ್ಲಾಕುಗಳದು, ಅಗೆಯಬಹುದು, ಕಟ್ಟಬಹುದು. ಹತ್ತಾರು ಜನ ಒಂದೇ ಸರ್ವರಿನಲ್ಲಿ ಕೂಡಿ ಆಡತೊಡಗಿದರೆ ತಕರಾರು ಶುರುವಾಗುತ್ತದೆ. ಒಬ್ಬ ಗೋಡೆ ಎಬ್ಬಿಸಿದರೆ ಇನ್ನೊಬ್ಬ ಕೆಡವುತ್ತಾನೆ, ಮತ್ತೊಬ್ಬ ನಟ್ಟನಡು ದಾರಿಯಲ್ಲಿ ಕೋಟೆ ಕಟ್ಟುತ್ತಾನೆ, ಮಗದೊಬ್ಬ ಯಾರದೋ ಪೆಟ್ಟಿಗೆಯ ವಜ್ರ ಎತ್ತಿಕೊಂಡು ಪರಾರಿಯಾಗುತ್ತಾನೆ. ಇಲ್ಲಿಯವರೆಗೆ ಆ ಊರಿಗೂ ನಮ್ಮೂರಿಗೂ ಏನೂ ಫರಕಿಲ್ಲ. ಮುಂದೆ ಇದೆ.

ಜಗಳ ಹೆಚ್ಚಾದಾಗ ಹುಡುಗರು ಸರ್ವರಿಗೆ ಗ್ರೀಫ್ ಪ್ರಿವೆನ್ಷನ್ ಎಂಬ ಪ್ಲಗಿನ್ ಹಾಕುತ್ತಾರೆ. ಆಟಗಾರ ಬಂಗಾರದ ಸಲಿಕೆ ಹಿಡಿದು ತನ್ನ ಜಾಗದ ಎದುರುಬದುರಿನ ಎರಡು ಮೂಲೆ ಮುಟ್ಟಿದರಾಯಿತು, ಗಡಿಯುದ್ದಕ್ಕೂ ಗುರುತು ಮಿನುಗಿ, ಜಾಗ ಅವನ ಹೆಸರಿಗೆ ದಾಖಲಾಗುತ್ತದೆ. ಮೋಜಣಿಗೆ ಅರ್ಜಿಯಿಲ್ಲ, ಮೋಜಣಿದಾರರು ಇವತ್ತು ರಜೆಯ ಮೇಲಿದ್ದಾರೆ ಎನ್ನುವವರಿಲ್ಲ. ಜಾಗ ಎಷ್ಟು ಸಿಗುತ್ತದೆ ಎಂಬುದಕ್ಕೂ ಲೆಕ್ಕವಿದೆ: ಮೂಲ ಸೆಟ್ಟಿಂಗಿನಲ್ಲಿ ಒಂದು ತಾಸು ಆಡಿದವನಿಗೆ 100 ಚೌಕ. ಊರಿನಲ್ಲಿ ಎಷ್ಟು ಹೊತ್ತು ಬಾಳಿದ್ದೀಯೋ ಅಷ್ಟು ನೆಲ ನಿನ್ನದು. ಈ ನಿಯಮ ಗೋಕಾಕಕ್ಕೆ ಬಂದರೆ ಮೂರು ತಲೆಮಾರು ಬಾಡಿಗೆ ಮನೆಯಲ್ಲೇ ಕಳೆದ ಮಿಲ್ ಕಾರ್ಮಿಕರ ಕುಟುಂಬಗಳು ರಾತ್ರೋರಾತ್ರಿ ಜಮೀನ್ದಾರರಾಗುತ್ತವೆ. ಬರೀ ಹೂಡಿಕೆಗೆಂದು ನಾಲ್ಕು ಪ್ಲಾಟು ಹಿಡಿದು ಪುಣೆಯಲ್ಲಿ ಕುಳಿತವರಿಗೆ ಒಂದು ಚೌಕವೂ ದಕ್ಕುವುದಿಲ್ಲ. ಆದ್ದರಿಂದ ಈ ನಿಯಮ ಬರುವುದಿಲ್ಲ.

ಜಾಗ ಯಾರದು ಎಂದು ತಿಳಿಯಲು ಆ ಆಟದಲ್ಲಿ ಒಂದು ಕೋಲು ಸಾಕು. ಕೈಯಲ್ಲಿ ಕೋಲು ಹಿಡಿದು ನೆಲದ ಮೇಲೆ ಕ್ಲಿಕ್ಕಿಸಿದರೆ ಮಾಲೀಕನ ಹೆಸರು ತೆರೆಯ ಮೇಲೆ ಬರುತ್ತದೆ. ನಾವೂ ಹಿಂದೆ ಬಿದ್ದಿಲ್ಲ ಅನ್ನಿ. 2000ನೇ ಇಸವಿಯಲ್ಲೇ ಭೂಮಿ ಯೋಜನೆ ತಂದು ಉತಾರಗಳನ್ನು ಕಂಪ್ಯೂಟರಿಗೆ ಏರಿಸಿದ ರಾಜ್ಯ ನಮ್ಮದು. ದಿಶಾಂಕ್ ಆ್ಯಪ್ ತೆರೆದರೆ ನಿಂತ ಜಾಗದ ಸರ್ವೆ ನಂಬರು ಮೊಬೈಲಿಗೇ ಬರುತ್ತದೆ. ಆದರೂ ನಮ್ಮ ಓಣಿಯ ಹುಡುಗನೊಬ್ಬ ಕಟ್ಟೆಯ ಮೇಲೆ ಕುಳಿತಿದ್ದ ಹಿರಿಯರನ್ನು ಸುಮ್ಮನೆ ಕೇಳಿದ: "ಕಾಕಾ, ನಿಮ್ಮ ಪ್ಲಾಟಿಗೆ ಕೋಲು ಮುಟ್ಟಿಸಿದ್ರ ಯಾರ ಹೆಸರು ಬರ್ತೈತ್ರಿ?" ಅವರು ಎಲೆ ಅಡಿಕೆ ಅಗಿಯುತ್ತಲೇ ಹೇಳಿದರು: "ಯಾರ ಕೈಯಾಗ ಕೋಲ ಐತಿ, ಅವರ ಹೆಸರ ಬರ್ತೈತಿ ತಮ್ಮಾ."

ಇನ್ನು ಅಧಿಕಾರ ಹಂಚಿಕೆ. ಆಟದಲ್ಲಿ ನಮ್ಮ ಜಾಗದಲ್ಲಿ ಯಾರು ಏನು ಮಾಡಬಹುದು ಎಂದು ಒಬ್ಬೊಬ್ಬರಿಗೂ ಬೇರೆಬೇರೆ ಕಟ್ಟು ಹಾಕಬಹುದು. ಇವನು ಬಾಗಿಲು ತೆಗೆಯಬಹುದು, ಪೆಟ್ಟಿಗೆ ಮುಟ್ಟುವಂತಿಲ್ಲ. ಅವನು ಪೆಟ್ಟಿಗೆ ಮುಟ್ಟಬಹುದು, ಗೋಡೆ ಕೆಡವುವಂತಿಲ್ಲ. ಇವಳು ಕಟ್ಟಬಹುದು, ಬೇರೆಯವರಿಗೆ ಪರವಾನಗಿ ಕೊಡುವಂತಿಲ್ಲ. ಪರವಾನಗಿ ಕೊಡುವ ಪರವಾನಗಿ ಅಂತಲೇ ಇನ್ನೊಂದಿದೆ. ಅದನ್ನು ಕಂಡಕಂಡವರಿಗೆ ಯಾರೂ ಕೊಡುವುದಿಲ್ಲ. ನಮ್ಮಲ್ಲಿ ಅಣ್ಣತಮ್ಮಂದಿರ ವಾಟ್ನಿಯಾಗುವಾಗ ಈ ನಾಲ್ಕು ಸಾಲು ಬರೆದಿಟ್ಟಿದ್ದರೆ ಕೋರ್ಟುಗಳಲ್ಲಿ ಅರ್ಧ ಕುರ್ಚಿ ಖಾಲಿ ಇರುತ್ತಿದ್ದವು. ನಾವು ಮಾಡುವುದು ಒಂದೇ ಕೆಲಸ: ದೊಡ್ಡಣ್ಣನ ಕೈಗೆ ಮುಖತ್ಯಾರ ಪತ್ರ ಕೊಟ್ಟು ನಿಶ್ಚಿಂತೆಯಿಂದ ಮಲಗುವುದು. ಎದ್ದಾಗ ಹೊಲದಲ್ಲಿ ಲೇಔಟ್ ಆಗಿರುತ್ತದೆ.

ಮೊಬೈಲಿನ ಮೈನ್‌ಕ್ರಾಫ್ಟಿನಲ್ಲಿ ಇನ್ನೂ ಸರಳ ವರ್ಗೀಕರಣವಿದೆ. ವಿಸಿಟರ್, ಮೆಂಬರ್, ಆಪರೇಟರ್. ವಿಸಿಟರ್ ಬರೀ ನೋಡಬಹುದು, ಮೆಂಬರ್ ಕಟ್ಟಬಹುದು, ಆಪರೇಟರ್ ಸಕಲವನ್ನೂ ಆಳಬಹುದು. ಇದನ್ನು ನಮ್ಮ ಕಡೆ ವಿವರಿಸುವುದು ಸ್ವಲ್ಪ ಕಷ್ಟ. ನಮ್ಮಲ್ಲಿ ಮೆಂಬರ ಎಂದರೆ ಆಪರೇಟರನ್ನೂ ಮೀರಿದವರು. ತೆರಿಗೆ ಕಟ್ಟುವವರೆಲ್ಲ ವಿಸಿಟರುಗಳು.

ಆಟಕ್ಕೂ ಆಡಳಿತಕ್ಕೂ ಇರುವ ನಿಜವಾದ ಫರಕು ಕ್ರಮದಲ್ಲಿದೆ. ಅಲ್ಲಿ ಪರವಾನಗಿ ಇಲ್ಲದವನು ಇಟ್ಟ ಬ್ಲಾಕು ಇಟ್ಟಲ್ಲೇ ಮಾಯವಾಗುತ್ತದೆ. ಪರವಾನಗಿ ಮೊದಲು, ಕಟ್ಟಡ ಆಮೇಲೆ. ಇಲ್ಲಿ ಮೊದಲು ಮನೆ, ಆಮೇಲೆ ಗೃಹಪ್ರವೇಶ, ಆಮೇಲೆ ಮಗಳ ಮದುವೆ, ಆಮೇಲೆ ಮೊಮ್ಮಗನ ಜಾವಳ, ಅದಾದ ಮೇಲೆ ಸಕ್ರಮ. ಅಕ್ರಮ-ಸಕ್ರಮಕ್ಕಾಗಿ 2007ರಲ್ಲಿ ಕಾನೂನಿಗೆ ತಿದ್ದುಪಡಿ ತಂದರು, 2014ರಲ್ಲಿ ನಿಯಮ ಮಾಡಿದರು. ವಾಸದ ಮನೆಯಾದರೆ ಶೇ. 50ರವರೆಗೆ, ವಾಣಿಜ್ಯ ಕಟ್ಟಡವಾದರೆ ಶೇ. 25ರವರೆಗೆ ನಿಯಮ ಮೀರಿದ್ದರೂ ದಂಡ ಕಟ್ಟಿ ಪುನೀತರಾಗಬಹುದು ಎಂದರು. 2017ರ ಜನವರಿಯಲ್ಲಿ ಸುಪ್ರೀಂ ಕೋರ್ಟ್ ತಡೆ ಕೊಟ್ಟಿತು. ತಡೆ ಬಿದ್ದದ್ದು ಸಕ್ರಮಕ್ಕೆ, ಅಕ್ರಮಕ್ಕಲ್ಲ. ಹೀಗಾಗಿ ಕೆಲಸ ನಿಲ್ಲಲಿಲ್ಲ. ಸರ್ಕಾರಿ ಜಾಗದಲ್ಲಿ ಕಟ್ಟಿದ್ದರೆ ಹಳ್ಳಿಯವರಿಗೆ 94ಸಿ, ಪಟ್ಟಣದವರಿಗೆ 94ಸಿಸಿ. ಎನ್‌ಎ (ಕೃಷಿಯೇತರ) ಆಗದ ಹೊಲದಲ್ಲಿ ಕಟ್ಟಿದ್ದರೆ ಗ್ರಾಮ ಪಂಚಾಯಿತಿಯ 11ಬಿ. ಅದೂ ಸಾಲದು ಎಂದು 2025ರ ಫೆಬ್ರುವರಿಯಲ್ಲಿ ರಾಜ್ಯದ ನಗರಸಭೆ, ಪುರಸಭೆಗಳಲ್ಲೆಲ್ಲ ಅನಧಿಕೃತ ಸ್ವತ್ತುಗಳಿಗೆ ಬಿ-ಖಾತೆ ಕೊಡುವ ಮೂರು ತಿಂಗಳ ಅಭಿಯಾನ. ಪರೀಕ್ಷೆಯಲ್ಲಿ ನಪಾಸಾದವರಿಗೆಲ್ಲ ಬಿ ದರ್ಜೆ ಕೊಡುವ ಮೇಷ್ಟ್ರು ಸಿಕ್ಕಿದ್ದರೆ ನಾವೆಲ್ಲ ಎಲ್ಲೋ ಇರುತ್ತಿದ್ದೆವು.

2024ರ ಡಿಸೆಂಬರ್‌ನಲ್ಲಿ ಸುಪ್ರೀಂ ಕೋರ್ಟ್ ಮತ್ತೆ ಗದರಿತು. ಸ್ವಾಧೀನ ಪತ್ರವಿಲ್ಲದ ಕಟ್ಟಡಕ್ಕೆ ಕರೆಂಟೂ ಇಲ್ಲ, ನೀರೂ ಇಲ್ಲ ಎಂದಿತು. ಗೋಕಾಕ, ಮೂಡಲಗಿಗೆ ಕರೆಂಟು ಕೊಡುವುದು ಹೆಸ್ಕಾಂ. ಹುಕ್ಕೇರಿಗಾದರೆ 1969ರಿಂದ ಸ್ವಂತ ಗ್ರಾಮೀಣ ವಿದ್ಯುತ್ ಸಹಕಾರ ಸಂಘವೇ ಇದೆ. ರಾಜ್ಯದಲ್ಲಿ ಮತ್ತೆಲ್ಲೂ ಇಲ್ಲದ್ದು. ತಂತಿ ಯಾರದಾದರೇನು, ತೀರ್ಪು ಎಲ್ಲರಿಗೂ ಒಂದೇ. ಮರುವರ್ಷ ನಮ್ಮ ಸರ್ಕಾರ 1200 ಚದರಡಿವರೆಗಿನ ನಿವೇಶನದ ಮನೆಗಳಿಗೆ ಆ ಪತ್ರದಿಂದಲೇ ವಿನಾಯಿತಿ ಕೊಟ್ಟು ಸಮಸ್ಯೆ ಬಗೆಹರಿಸಿತು. ಹಾಗೆಂದು ಸಣ್ಣ ಮನೆಯವರನ್ನು ದೂರಿ ಫಲವಿಲ್ಲ. ಇಪ್ಪತ್ತು ವರ್ಷ ಕೂಡಿಟ್ಟ ದುಡ್ಡಿನಲ್ಲಿ ಮೂವತ್ತು-ನಲವತ್ತರ ಪ್ಲಾಟು ಕೊಂಡವನಿಗೆ ಅದು ಎನ್‌ಎ ಆಗಿಲ್ಲವೆಂದು ಗೊತ್ತಾಗುವುದೇ ಮನೆ ಸಾಲಕ್ಕೆ ಬ್ಯಾಂಕಿಗೆ ಹೋದಾಗ. ಹೊಲ ಕೊಯ್ದು ಪ್ಲಾಟು ಮಾರಿದವನು ಅಷ್ಟರಲ್ಲಿ ಸಮಾಜಸೇವಕನಾಗಿ ಬ್ಯಾನರಿನಲ್ಲಿ ಕೈ ಮುಗಿಯುತ್ತಿರುತ್ತಾನೆ.

ಹುಡುಗರ ಸರ್ವರಿನಲ್ಲಿ ಇವನು ತಪ್ಪಿಸಿಕೊಳ್ಳಲಾರ. ಕೋರ್‌ಪ್ರೊಟೆಕ್ಟ್ ಎಂಬ ಇನ್ನೊಂದು ಪ್ಲಗಿನ್ ಪ್ರತಿ ಬ್ಲಾಕನ್ನು ಯಾರು ಇಟ್ಟರು, ಯಾರು ಕಿತ್ತರು, ಯಾವಾಗ ಎಂದು ಬರೆದುಕೊಳ್ಳುತ್ತದೆ. ಗೋಡೆಗೆ ಕೈ ಹಚ್ಚಿ ಕೇಳಿದರೆ ಗೋಡೆಯ ಜಾತಕ ಹೊರಬರುತ್ತದೆ. ತಪ್ಪಾಗಿದೆ ಎಂದು ಕಂಡರೆ ಒಂದು ಆದೇಶ, ಊರು ಮೂರು ದಿನ ಹಿಂದಿನ ಸ್ಥಿತಿಗೆ ಮರಳುತ್ತದೆ. ನಮ್ಮ ಕಚೇರಿಗಳಲ್ಲೂ ಕಡತವಿರುತ್ತದೆ, ನಿಜ. ಆದರೆ ಬೇಕಾದ ಹಾಳೆ ಯಾವಾಗಲೂ ಮೇಲಿನ ಸಾಹೇಬರ ಟೇಬಲ್ಲಿನ ಮೇಲಿರುತ್ತದೆ, ಮತ್ತು ಮೇಲಿನ ಸಾಹೇಬರು ಯಾವಾಗಲೂ ಮೀಟಿಂಗಿನಲ್ಲಿರುತ್ತಾರೆ.

ಆಪರೇಟರುಗಳ ವಿಚಾರವೂ ಹೀಗೆಯೇ. ಆಟದಲ್ಲಿ ಅಧಿಕಾರ ಇರುವವರ ಹೆಸರು ಒಂದು ಫೈಲಿನಲ್ಲಿ ಹಂತದ ಸಮೇತ ಬರೆದಿರುತ್ತದೆ. ನಮ್ಮಲ್ಲಿ ನಿಜವಾಗಿ ಅಧಿಕಾರ ಇರುವವರ ಹೆಸರು ಯಾವ ಫೈಲಿನಲ್ಲೂ ಇರುವುದಿಲ್ಲ. ಚಹಾದಂಗಡಿಯಲ್ಲಿ ಎಲ್ಲರಿಗೂ ಗೊತ್ತಿರುತ್ತದೆ. ಸರ್ವರಿನಲ್ಲಿ ಆಟಗಾರರು ಮೊದಲು ಕಣ್ಣು ಬಿಡುವ ಜಾಗದ ಸುತ್ತ 16 ಬ್ಲಾಕುಗಳವರೆಗೆ ಆಪರೇಟರ್ ಅಲ್ಲದವರು ಏನೂ ಕಟ್ಟುವಂತಿಲ್ಲ. ಅದರಲ್ಲೊಂದು ತಮಾಷೆಯ ಉಪನಿಯಮವಿದೆ: ಸರ್ವರಿಗೆ ಒಬ್ಬ ಆಪರೇಟರೂ ಇಲ್ಲದಿದ್ದರೆ ಆ ರಕ್ಷಣೆ ತಾನೇ ರದ್ದಾಗುತ್ತದೆ. ಮೀಸಲಾತಿ ಪಟ್ಟಿಗಾಗಿ ಕಾಯುತ್ತ 2024ರ ಆಗಸ್ಟ್‌ವರೆಗೆ ರಾಜ್ಯದ ಎಷ್ಟೋ ನಗರಸಭೆ, ಪುರಸಭೆಗಳಲ್ಲಿ ಅಧ್ಯಕ್ಷರ ಕುರ್ಚಿ ಖಾಲಿ ಬಿದ್ದಿದ್ದನ್ನು ಕಂಡವರಿಗೆ ಈ ಉಪನಿಯಮವನ್ನು ಬಿಡಿಸಿ ಹೇಳಬೇಕಿಲ್ಲ.

ಹೊಸ ಊರು ಮಾಡಿಕೊಂಡರೆ ಹೇಗೆ? ಮೂಡಲಗಿಯವರು ಹೋರಾಡಿ 2018ರಲ್ಲಿ ಗೋಕಾಕದಿಂದ ಬೇರೆ ತಾಲೂಕಾದರು. ಮೈನ್‌ಕ್ರಾಫ್ಟಿನಲ್ಲಿ ಹೊಸ ಜಗತ್ತು ಸೃಷ್ಟಿಸುವಾಗ ಹಳೆಯ ಸೀಡ್ ಸಂಖ್ಯೆಯನ್ನೇ ಕೊಟ್ಟರೆ ಅದೇ ಗುಡ್ಡ, ಅದೇ ಹಳ್ಳ ಮತ್ತೆ ಹುಟ್ಟುತ್ತವೆ. ಹೊಸ ಬೋರ್ಡು, ಹೊಸ ತಹಶೀಲ್ದಾರರು, ಹೊಸ ಸಿಕ್ಕೆ ಬಂದವು. ಅರ್ಜಿ ನಮೂನೆಯ ಸೀಡ್ ಹಳೆಯದೇ.

ಆಟದಲ್ಲಿ ಒಂದು ಕಡೆ ನೀರು ಸುರಿದರೆ ಸಮತಟ್ಟು ನೆಲದಲ್ಲಿ ಏಳು ಬ್ಲಾಕು ಹರಿದು ನಿಲ್ಲುತ್ತದೆ. ಹುಡುಗರು ಎಂಟನೇ ಬ್ಲಾಕಿನಿಂದ ಮನೆ ಕಟ್ಟುತ್ತಾರೆ. ಘಟಪ್ರಭೆಗೆ ಈ ಏಳರ ಲೆಕ್ಕ ಯಾರೂ ಹೇಳಿಕೊಟ್ಟಿಲ್ಲ. 2019ರ ಆಗಸ್ಟ್‌ನಲ್ಲಿ ಹಿಡಕಲ್ ಜಲಾಶಯದ ಗೇಟುಗಳು ತೆರೆದವು, ಹಿರಣ್ಯಕೇಶಿ, ಮಾರ್ಕಂಡೇಯ ಕೂಡಿಕೊಂಡವು, ಲೋಳಸೂರ ಸೇತುವೆ ಮುಳುಗಿತು, ಗೋಕಾಕದ ತಗ್ಗಿನ ಓಣಿಗಳಿಗೆ ಹೊಳೆ ನುಗ್ಗಿತು. ಎ-ಖಾತೆ, ಬಿ-ಖಾತೆ ಎಂದು ಅದು ಭೇದ ಮಾಡಲಿಲ್ಲ. ಆಮೇಲೆ ಸರ್ಕಾರ ಬಿದ್ದ ಮನೆಗಳನ್ನು ಎ, ಬಿ, ಸಿ ಎಂದು ವಿಂಗಡಿಸಿ, ಪೂರ್ತಿ ಬಿದ್ದದ್ದಕ್ಕೆ 5 ಲಕ್ಷ ರೂಪಾಯಿ ಘೋಷಿಸಿತು. 2024ರ ಜುಲೈನಲ್ಲಿ ನೀರು ಮತ್ತೆ ಬಂತು. ಆಟದಲ್ಲಿ ಸರ್ವರನ್ನೇ ಬಂದ್ ಮಾಡುವ ಅಧಿಕಾರ ಇರುವುದು ನಾಲ್ಕನೇ ಹಂತದ ಆಪರೇಟರಿಗೆ ಮಾತ್ರ. ನಮ್ಮ ಮೂರೂ ತಾಲೂಕಿಗೆ ಸೇರಿ ಆ ಹಂತದಲ್ಲಿ ಇರುವುದು ಒಬ್ಬಳೇ. ಅವಳ ಕಚೇರಿಯಲ್ಲಿ ಸಕ್ರಮದ ಅರ್ಜಿ ಸಿಗುವುದಿಲ್ಲ.

ಹುಡುಗರಿಗೆ ಅಧಿಕಾರ ಕೊಡುವುದು ಆಗದಿದ್ದರೆ ಬೇಡ, ಅವರ ಮೂರು ನಿಯಮವನ್ನಾದರೂ ಕಡ ತನ್ನಿ. 2019ರಲ್ಲಿ ನೀರು ಮುಟ್ಟಿದ ಗೆರೆಯನ್ನು ನಕಾಶೆಯ ಮೇಲೆ ಎಳೆದು ನಗರಸಭೆ, ಪುರಸಭೆಗಳ ಗೋಡೆಗೆ ಹಚ್ಚಿ. ಪ್ರತಿ ಪರವಾನಗಿಗೆ ಸಹಿ ಹಾಕಿದವರ ಹೆಸರು, ತಾರೀಖು ಅದರ ಪಕ್ಕದಲ್ಲೇ ಬರೆಯಿರಿ. ಎನ್‌ಎ ಆಗದ ಲೇಔಟಿನಲ್ಲಿ ಮೊದಲ ಪ್ಲಾಟು ಮಾರಿದ ದಿನವೇ ಮಾರಿದವನನ್ನು ಹಿಡಿಯಿರಿ, ಕೊನೆಯ ಪ್ಲಾಟು ಕೊಂಡವನನ್ನಲ್ಲ.

ಅಲ್ಲಿಯವರೆಗೆ ಓದುಗರಿಗೆ ಒಂದು ಮಾತು. ಪ್ಲಾಟಿಗೆ ಸಂಚಕಾರ ಕೊಡುವ ಮುಂಚೆ ಎನ್‌ಎ ಆದೇಶ ನೋಡಿ, ಲೇಔಟಿನ ಮಂಜೂರಾತಿ ನೋಡಿ. ಆಮೇಲೆ ಪಕ್ಕದ ಮನೆಯ ಅಜ್ಜಿಯನ್ನು ಕೇಳಿ, ಆ ವರ್ಷ ಹೊಳೆ ಎಲ್ಲಿಯವರೆಗೆ ಬಂದಿತ್ತು ಎಂದು. ಮೂರರಲ್ಲಿ ಅಜ್ಜಿಯ ಉತ್ತರವನ್ನೇ ಹೆಚ್ಚು ನಂಬಿ.